ತಪ್ಪು ಕಾಣಿಕೆ

ಭುಜಂಗ ಧನಿಗಳು ಪ್ರತಿ ಸಲವೂ ಕೇಳುತ್ತಿದ್ದರು. ಆ ಒಂದು ವಿಷಯದಲ್ಲಿ ಅವರ ಮೇಲೆ ಬೆರಳು ತೋರಿಸುವ ಹಾಗಿಲ್ಲ. ಕಾಪುವಿನಲ್ಲಿ ಕಡಲಿಗೆ ಮುಖ ಮಾಡಿದ ಅವರ ಮನೆಯಲ್ಲಿ ಮಧ್ಯಾಹ್ನದ ಊಟ ಮುಗಿದು, ಡ್ರೈವರ್ ಡೊಮಿನಿಕ್ ಕಾರು ಒರೆಸುವ ನೆಪದಲ್ಲಿ ಗೇಟಿನ ಹತ್ತಿರ ಹೋದ ಮೇಲೆ, ಅವರು ಕನ್ನಡಕ ತೆಗೆದು ಮಡಚಿ ಮೇಜಿನ ಮೇಲೆ ಇಡುತ್ತಿದ್ದರು. "ಇಷ್ಟ ಉಂಟಲ್ವಾ ಯಶು? ಬೇಡ ಅಂದ್ರೆ ಬೇಡ. ನಾನು ಒತ್ತಾಯ ಮಾಡುವ ಜನ ಅಲ್ಲ" ಎನ್ನುತ್ತಿದ್ದರು. ಯಶ್ಮಿತಾ "ಉಂಟು" ಎನ್ನುವವರೆಗೆ ಕಾಯುತ್ತಿದ್ದರು. ತಲೆ ಅಲ್ಲಾಡಿಸಿದರೆ ಸಾಲದು, ಬಾಯಿ ಬಿಟ್ಟು ಹೇಳಬೇಕು. ಹೇಳಿದ ಮೇಲೆ ಅವರ ಮುಖದಲ್ಲಿ, ಕೇಳಿದ ಬೆಲೆ ಕೊಟ್ಟೇ ಸಾಮಾನು ತಂದ ಗಿರಾಕಿಯ ನೆಮ್ಮದಿ ಕಾಣುತ್ತಿತ್ತು.

ಎರಡು ವರ್ಷ ಯಶ್ಮಿತಾ ಉಂಟು ಎಂದಳು. ಏನೂ ಅರಿಯದೆ ಮೋಸ ಹೋದ ಹುಡುಗಿಯನ್ನು ಹುಡುಕುವವರು ಬೇರೆ ಕಥೆ ಓದಿಕೊಳ್ಳಬಹುದು. ಮೊದಲ ಸಲ ಉಂಟು ಅನ್ನುವಾಗ ಅವಳಿಗೆ ಇಪ್ಪತ್ತೆರಡು ತುಂಬಿತ್ತು, ತಾನು ಏನು ಹೇಳುತ್ತಿದ್ದೇನೆ ಎಂಬುದು ಚೆನ್ನಾಗಿಯೇ ಗೊತ್ತಿತ್ತು. ಹೇಳದಿದ್ದರೆ ಏನಾಗುತ್ತದೆ ಎಂಬುದು ಮಾತ್ರ ಗೊತ್ತಿರಲಿಲ್ಲ. ಆ ಗೊತ್ತಿಲ್ಲದ್ದಕ್ಕೇ ಹೆದರಿ ಅವಳು ಉಂಟು ಎಂದಿದ್ದು.

ಅವಳ ಅಪ್ಪ ಶೇಖರ ಮುಂಬೈಯಲ್ಲಿ ಧನಿಗಳ ಹೋಟೆಲಿನಲ್ಲಿ ಹದಿನೆಂಟು ವರ್ಷ ದೋಸೆ ಹೊಯ್ದವನು. ಒಂದು ಬೆಳಿಗ್ಗೆ ಕಾವಲಿಯ ಎದುರಿನಲ್ಲಿಯೇ ಎದೆ ಹಿಡಿದುಕೊಂಡು ಕುಸಿದ. ಹೆಣವನ್ನು ಊರಿಗೆ ಮುಟ್ಟಿಸಿದ್ದು ಧನಿಗಳು. ಉತ್ತರಕ್ರಿಯೆಯ ಬೊಜ್ಜದ ದಿನ ಬೆಳ್ಮಣ್ಣಿನ ಆ ಸಣ್ಣ ಹಂಚಿನ ಮನೆಯ ಅಂಗಳಕ್ಕೆ ಕಾರು ತಂದು, ಪ್ಲಾಸ್ಟಿಕ್ ಕುರ್ಚಿಯಲ್ಲಿ ಕುಳಿತು, "ಶೇಖರನ ಮಗಳ ಓದು ಇನ್ನು ನನ್ನ ಜವಾಬ್ದಾರಿ" ಎಂದು ನಾಲ್ಕು ಜನ ಕೇಳುವ ಹಾಗೆ ಹೇಳಿದ್ದೂ ಧನಿಗಳೇ. ಬೀಡಿ ಕಟ್ಟಿ ಜೀವನ ಮಾಡುತ್ತಿದ್ದ ಯಶ್ಮಿತಾಳ ಅಮ್ಮ ಗುಣವತಿ ಅವತ್ತು ಅವರ ಕಾಲು ಮುಟ್ಟಿ ಅತ್ತವಳು, ಆಮೇಲೆ ಅವರ ಹೆಸರು ಎತ್ತುವಾಗಲೆಲ್ಲ ಎರಡು ಕೈ ಜೋಡಿಸುತ್ತಿದ್ದಳು.

ಮಾತಿಗೆ ತಪ್ಪಿದ ಮನುಷ್ಯ ಅಲ್ಲ ಅವರು. ತಾಯಿಯ ಹೆಸರಿನಲ್ಲಿ ಒಂದು ಟ್ರಸ್ಟ್ ಮಾಡಿದ್ದರು. ಮಣಿಪಾಲದ ಒಂದು ಕಾಲೇಜಿನಲ್ಲಿ ಯಶ್ಮಿತಾಳಿಗೆ ಫಿಸಿಯೋಥೆರಪಿ ಸೀಟು ಸಿಕ್ಕಾಗ ಫೀಸು, ಹಾಸ್ಟೆಲು ಎಲ್ಲ ಟ್ರಸ್ಟಿನದ್ದೇ. ವರ್ಷಕ್ಕೊಮ್ಮೆ ಕಾರ್ಕಳದ ಒಂದು ಸಭಾಂಗಣದಲ್ಲಿ ಕಾರ್ಯಕ್ರಮ. ಹಣ ಪಡೆದ ಮಕ್ಕಳು ಸಾಲಾಗಿ ವೇದಿಕೆ ಹತ್ತಿ, ಧನಿಗಳ ಕಾಲಿಗೆ ಬಿದ್ದು, ಮೈಕಿನ ಎದುರು ಎರಡು ಮಾತು ಆಡಬೇಕು. ಯಶ್ಮಿತಾ ಮೊದಲ ವರ್ಷ "ಧನಿಗಳು ನನಗೆ ತಂದೆಯ ಸಮಾನ" ಎಂದಿದ್ದಳು. ದೊಡ್ಡ ಚಪ್ಪಾಳೆ ಬಿತ್ತು. ಆ ಫೋಟೋವನ್ನು ಗುಣವತಿ ಲ್ಯಾಮಿನೇಶನ್ ಮಾಡಿಸಿ ದೇವರ ಪಟದ ಪಕ್ಕದಲ್ಲಿ ಮೊಳೆ ಹೊಡೆದು ತೂಗು ಹಾಕಿದಳು. ಅದು ಇವತ್ತಿಗೂ ಅಲ್ಲೇ ಉಂಟು.

ಮೂರನೆಯ ವರ್ಷ ಧನಿಗಳಿಗೆ ಮಂಡಿ ನೋವು ಶುರುವಾಯಿತು. ಅವರು ಫೋನು ಮಾಡಿದ್ದು ಯಶ್ಮಿತಾಳಿಗಲ್ಲ, ಗುಣವತಿಗೆ. "ನಾನು ತಿಂಗಳಿಗೆ ಎರಡು ಸಲ ಮುಂಬೈಯಿಂದ ಬಂದು ಕಾಪುವಿನಲ್ಲಿ ಇರ್ತೇನೆ. ಯಶು ಶನಿವಾರ ಬಂದು ಸ್ವಲ್ಪ ವ್ಯಾಯಾಮ ಹೇಳಿಕೊಡ್ಲಿ, ಅಲ್ವಾ?" ಗುಣವತಿಗೆ ಸ್ವರ್ಗಕ್ಕೆ ಮೂರೇ ಗೇಣು. ಇಷ್ಟು ವರ್ಷ ತೆಗೆದುಕೊಂಡೇ ಬಂದವರಿಗೆ ಕೊಡಲು ಒಂದು ಅವಕಾಶ ಸಿಕ್ಕಿತು ಎಂದು ಅವಳೇ ಮಗಳನ್ನು ಹೊರಡಿಸಿದಳು.

ಮೊದಲ ಮೂರು ಶನಿವಾರ ನಿಜವಾಗಿಯೂ ಮಂಡಿಯೇ. ಟವೆಲು ಸುತ್ತಿ ಮಂಡಿಯ ಅಡಿಗೆ ಇಡುವುದು, ಒತ್ತಿ ಹಿಡಿಯುವುದು, ಹತ್ತು ಎಣಿಸುವುದು, ಬಿಡುವುದು. ನಾಲ್ಕನೆಯ ಶನಿವಾರ ಅವರು ಕನ್ನಡಕ ಮಡಚಿ ಇಟ್ಟು ಕೇಳಿದರು. ಒಂದು ಉಸಿರು ಎಳೆದು ಬಿಡುವಷ್ಟು ಹೊತ್ತಿನಲ್ಲಿ ಯಶ್ಮಿತಾಳ ತಲೆಯಲ್ಲಿ ಫೀಸು, ಹಾಸ್ಟೆಲಿನ ಮಂಚ, ಅಮ್ಮನ ಬೀಡಿ ಎಲೆಯ ವಾಸನೆ ಅಂಟಿದ ಬೆರಳು, ಗೋಡೆಯ ಮೇಲಿನ ಆ ಫೋಟೋ ಎಲ್ಲ ಬಂದು ಹೋದವು. ಉಂಟು ಎಂದಳು.

ಆಮೇಲೆ ಅಭ್ಯಾಸವಾಯಿತು. ಮಣಿಪಾಲದಲ್ಲಿ ಯಾರಾದರೂ ನೋಡಿಯಾರು ಎಂದು ಅವಳು ಬಸ್ಸಿನಲ್ಲಿ ಉಡುಪಿಗೆ ಇಳಿದು ಬರುತ್ತಿದ್ದಳು, ಸರ್ವಿಸ್ ಬಸ್‌ಸ್ಟ್ಯಾಂಡಿನ ಹಿಂದಿನ ರಸ್ತೆಯಲ್ಲಿ ಡೊಮಿನಿಕ್ ಕಾರು ನಿಲ್ಲಿಸಿಕೊಂಡು ಕಾಯುತ್ತಿದ್ದ. ಕಾರಿನ ತಣ್ಣನೆ ಗಾಳಿ ಅವಳಿಗೆ ಹಿತವಾಗುತ್ತಿತ್ತು. ಕಾಪುವಿನ ಮನೆಯ ಅಂಜಲ್ ಮೀನಿನ ಫ್ರೈ ರುಚಿಯಾಗಿರುತ್ತಿತ್ತು. ಹುಟ್ಟುಹಬ್ಬಕ್ಕೆ ಅವರು ಕೊಟ್ಟ ಫೋನನ್ನು ಅವಳು ಸಂತೋಷದಿಂದಲೇ ತೆಗೆದುಕೊಂಡಳು. ಇದನ್ನೆಲ್ಲ ಮುಚ್ಚಿಟ್ಟು ಬರೀ ಕಣ್ಣೀರು ಬರೆದರೆ ಕಥೆ ಸುಳ್ಳಾಗುತ್ತದೆ. ಅವಳ ಲೆಕ್ಕಾಚಾರ ಸರಳವಾಗಿತ್ತು: ಕೋರ್ಸು ಮುಗಿಯಲಿ, ಕೈಯಲ್ಲಿ ಡಿಗ್ರಿ ಬರಲಿ, ಆಮೇಲೆ ಕಾಪುವಿನ ದಿಕ್ಕಿಗೆ ತಲೆ ಹಾಕಿ ಮಲಗುವುದೂ ಇಲ್ಲ.

ಅಂಥ ಶನಿವಾರಗಳಲ್ಲಿ ಬೆಳಿಗ್ಗೆ ಅಮ್ಮನಿಗೆ ಫೋನು ಮಾಡಿ, ಕಾಪುವಿನ ಹೆಸರು ಎತ್ತದೆ ಹೇಳುತ್ತಿದ್ದಳು. "ಈ ವಾರ ಡ್ಯೂಟಿ ಉಂಟು ಅಮ್ಮ, ಊರಿಗೆ ಬರ್ಲಿಕ್ಕೆ ಆಗುವುದಿಲ್ಲ."

"ಆಯ್ತು ಮಗಾ" ಎನ್ನುತ್ತಿದ್ದಳು ಗುಣವತಿ. ಎಂಥ ಡ್ಯೂಟಿ ಎಂದು ಒಂದು ದಿನವೂ ಕೇಳಲಿಲ್ಲ. ಧನಿಗಳ ಮಂಡಿ ಹೇಗಿದೆ ಎಂದೂ ಕೇಳಲಿಲ್ಲ. ಮೊದಲ ತಿಂಗಳು ಕೇಳಿದ್ದಳು, ಆಮೇಲೆ ನಿಲ್ಲಿಸಿದ್ದಳು. ಯಶ್ಮಿತಾಳಿಗೆ ಅದು ಒಳ್ಳೆಯದೇ ಆಗಿತ್ತು, ಸುಳ್ಳಿಗೆ ಉಪ್ಪು ಖಾರ ಹಚ್ಚುವ ಕೆಲಸ ಉಳಿಯಿತು ಎಂದುಕೊಂಡಿದ್ದಳು. ಊರಿಗೆ ಹೋದಾಗ ದೇವರ ಪಟದ ಕೆಳಗಿನ ಮೊಳೆಯಲ್ಲಿ ಒಂದು ಹಳದಿ ಬಟ್ಟೆಯ ಗಂಟು ನೇತಾಡುವುದನ್ನು ನೋಡಿದ್ದಳು. ತನ್ನ ಪರೀಕ್ಷೆಗೆ ಅಮ್ಮ ಹೇಳಿಕೊಂಡ ಹರಕೆಯ ಮುಡಿಪು ಇರಬೇಕು ಎಂದು ಸುಮ್ಮನಾಗಿದ್ದಳು. ಗಂಟು ಸಲದಿಂದ ಸಲಕ್ಕೆ ದಪ್ಪವಾಗುತ್ತಿತ್ತು.

ನಾಲ್ಕೂವರೆ ವರ್ಷದ ಕೋರ್ಸಿನ ಕೊನೆಯ ಹಂತಕ್ಕೆ ಕಾಲಿಡುವ ಹೊತ್ತಿಗೆ ಅವಳ ಲೆಕ್ಕಾಚಾರ ಕೆಡಿಸಿದ್ದು ಜೋಸ್ಲಿನ್ ಮೇಡಂ. ಅವರು ಕ್ಲಿನಿಕ್ಕಿನಲ್ಲಿ ವಿದ್ಯಾರ್ಥಿಗಳನ್ನು ನೋಡಿಕೊಳ್ಳುವ ಟೀಚರು, ಮಾತು ಕಡಿಮೆ, ಕಣ್ಣು ಚುರುಕು. ಒಂದು ದಿನ ಯಶ್ಮಿತಾಳ ಕೈಗೆ ಬಂದದ್ದು ಮೀನು ಮಾರುವ ಒಬ್ಬ ಅಜ್ಜಿ. ಬಲ ಭುಜ ಹಿಡಿದುಕೊಂಡು ಕೈ ಮೇಲೆ ಏಳುತ್ತಿರಲಿಲ್ಲ. ಯಶ್ಮಿತಾ ಕೈಯನ್ನು ಮೆಲ್ಲ ಎತ್ತುತ್ತಾ ಬಂದಳು. ಅಜ್ಜಿ "ಸಾಕು ಮಗಾ" ಎಂದಳು. "ಇನ್ನು ಸ್ವಲ್ಪ ಅಜ್ಜಿ, ಇಷ್ಟೇ" ಎಂದು ಯಶ್ಮಿತಾ ಇನ್ನೂ ಎತ್ತಿದಳು.

"ಅವರು ಸಾಕು ಅಂದ್ರು. ಕೈ ತೆಗಿ" ಎಂದರು ಜೋಸ್ಲಿನ್ ಮೇಡಂ ಹಿಂದಿನಿಂದ.

"ಮೇಡಂ, ಅವರು ಮೊದಲೇ ಒಪ್ಪಿದ್ದಾರೆ. ಬೆಳಿಗ್ಗೆ ಫಾರ್ಮಿಗೆ ಸಹಿ ಹಾಕಿದ್ದಾರೆ."

"ಸಹಿ ಹಾಕಿದ್ದು ಬೆಳಿಗ್ಗೆ. ಸಾಕು ಅಂದದ್ದು ಈಗ." ಮೇಡಂ ಅಜ್ಜಿಯ ಕೈಯನ್ನು ತಾವೇ ಇಳಿಸಿ ಮಡಿಲಲ್ಲಿ ಇಟ್ಟರು. "ಬೇಡ ಅನ್ಲಿಕ್ಕೆ ಹೆದರುವವರ ಹತ್ತಿರ ಒಪ್ಪಿಗೆ ತಗೊಂಡ್ರೆ ಅದು ಒಪ್ಪಿಗೆ ಅಲ್ಲ. ಬರೀ ಸಹಿ. ನೆನಪಿರ್ಲಿ."

ಇಷ್ಟು ಹೇಳಿ ಅವರು ಮುಂದಿನ ಮಂಚಕ್ಕೆ ಹೋದರು. ಅವರಿಗೆ ಅದು ದಿನಕ್ಕೆ ಹತ್ತು ಸಲ ಹೇಳುವ ಪಾಠ. ಯಶ್ಮಿತಾ ಮಾತ್ರ ಅವತ್ತು ಊಟ ಮಾಡಲಿಲ್ಲ. ಕ್ಯಾಂಟೀನಿನಲ್ಲಿ ತಟ್ಟೆ ಮುಂದಿಟ್ಟುಕೊಂಡು, ತಾನು ಎರಡು ವರ್ಷ ಬಾಯಿ ಬಿಟ್ಟು ಹೇಳಿದ್ದು ಏನು ಎಂದು ಯೋಚಿಸಿದಳು. ಯೋಚಿಸಿದಷ್ಟೂ ಸಿಟ್ಟು ಬಂತು, ಮೊದಲು ತನ್ನ ಮೇಲೆ, ಆಮೇಲೆ ಆ ಮಡಚಿದ ಕನ್ನಡಕದ ಮೇಲೆ.

ಆ ಶನಿವಾರ ಕಾಪುವಿನಲ್ಲಿ ಧನಿಗಳು ಎಂದಿನಂತೆ ಕೇಳಿದರು. ಯಶ್ಮಿತಾ ಎಂದಳು, "ಬೇಡ. ಇವತ್ತೂ ಬೇಡ, ಇನ್ನು ಮುಂದೆಯೂ ಬೇಡ."

ಹೇಳಿ, ಬೈಗುಳಕ್ಕೆ ಕಾದಳು. ಧನಿಗಳು ಕನ್ನಡಕ ಬಿಡಿಸಿ ಮತ್ತೆ ಹಾಕಿಕೊಂಡರು. "ಆಗಲಿ ಮಾರಾಯ್ತಿ. ಅದಕ್ಕೆ ಎಂತ ಬೇಜಾರು? ನಾನು ಮೊದಲೇ ಹೇಳಿದ್ದೇನಲ್ವಾ, ಬೇಡ ಅಂದ್ರೆ ಬೇಡ ಅಂತ." ಡೊಮಿನಿಕ್‌ನನ್ನು ಕರೆದು ಅವಳನ್ನು ಮಣಿಪಾಲಕ್ಕೇ ಬಿಟ್ಟು ಬರಲು ಹೇಳಿದರು. ಹೊರಡುವಾಗ ಮುಂಬೈ ಹಲ್ವದ ಪೊಟ್ಟಣ ಒಂದನ್ನು ಕೈಗಿತ್ತು, "ಅಮ್ಮನಿಗೆ ಕೊಡು" ಎಂದರು.

ಕಾರಿನಲ್ಲಿ ಯಶ್ಮಿತಾ ಅತ್ತಳು. ದುಃಖಕ್ಕಲ್ಲ, ಎಷ್ಟು ಒಳ್ಳೆಯ ಮನುಷ್ಯ, ನಾನೇ ಸುಮ್ಮನೆ ಹೆದರಿದೆ, ಮೊದಲೇ ಹೇಳಿದ್ದರೆ ಆಗುತ್ತಿತ್ತು ಎಂದು. ಅಷ್ಟು ದಡ್ಡಿಯೂ ಆಗಿದ್ದಳು ಅವಳು. ಡೊಮಿನಿಕ್ ಕನ್ನಡಿಯಲ್ಲಿ ನೋಡಿ, "ಎಂತ ಆಯ್ತು ಮೇಡಂ? ಧನಿ ಬೈದ್ರಾ?" ಎಂದು ಕೇಳಿದ.

"ಇಲ್ಲ. ಏನೂ ಹೇಳ್ಲಿಲ್ಲ."

"ಹೇಳುವುದಿಲ್ಲ. ಧನಿಗಳು ಯಾರಿಗೂ ಬೈಯುವವರಲ್ಲ." ಕಾರು ಉದ್ಯಾವರದ ಸೇತುವೆ ದಾಟಿತು. ಆಮೇಲೆ ರಸ್ತೆ ನೋಡುತ್ತಲೇ ಹೇಳಿದ, "ನಿಮಗಿಂತ ಮೊದಲು ಬರ್ತಿದ್ದ ನರ್ಸಿಂಗ್ ಹುಡುಗಿಗೂ ಬೈಲಿಲ್ಲ. ಅವಳು ಎರಡನೇ ವರ್ಷಕ್ಕೇ ಓದು ಬಿಟ್ಳು. ಈಗ ಕಟಪಾಡಿಯಲ್ಲಿ ಬಟ್ಟೆ ಅಂಗಡಿಯಲ್ಲಿದ್ದಾಳೆ."

ಯಶ್ಮಿತಾಳ ಅಳು ನಿಂತಿತು. ಹಲ್ವದ ಪೊಟ್ಟಣವನ್ನು ಅವಳು ಕಾರಿನ ಸೀಟಿನ ಮೇಲೆಯೇ ಬಿಟ್ಟು ಇಳಿದಳು.

ಮೂರು ವಾರ ಕಳೆದು ಕಾಲೇಜಿನಿಂದ ಫೀಸಿನ ನೆನಪಿನ ಸಂದೇಶ ಬಂತು. ಯಾವಾಗಲೂ ಅವಳಿಗೆ ಗೊತ್ತಾಗುವ ಮೊದಲೇ ಟ್ರಸ್ಟಿನವರು ಕಟ್ಟಿ ಆಗಿರುತ್ತಿತ್ತು. ಧನಿಗಳು ಫೋನು ಎತ್ತಲಿಲ್ಲ. ಟ್ರಸ್ಟಿನ ಮ್ಯಾನೇಜರ್ ಎತ್ತಿದರು, ತುಂಬ ಮರ್ಯಾದೆಯಿಂದ ಮಾತಾಡಿದರು.

"ಈ ವರ್ಷದಿಂದ ನಿಯಮ ಸ್ವಲ್ಪ ಬದಲಾಗಿದೆ ಅಮ್ಮ. ಹೊಸ ಅರ್ಜಿ ಕೊಡಬೇಕು. ಅದರೊಟ್ಟಿಗೆ ನಡತೆಯ ಬಗ್ಗೆ ಒಂದು ಸರ್ಟಿಫಿಕೇಟು."

"ಯಾರು ಕೊಡಬೇಕು ಸರ್, ಕಾಲೇಜಿನವರಾ?"

"ಅಲ್ಲ. ನಮ್ಮ ಟ್ರಸ್ಟಿನ ಅಧ್ಯಕ್ಷರು. ಧನಿಗಳೇ."

ಯಶ್ಮಿತಾಳಿಗೆ ನಗು ಬಂತು. ಹಾಸ್ಟೆಲಿನ ಮೆಟ್ಟಿಲ ಮೇಲೆ ಕುಳಿತು, ಫೋನು ಕೈಯಲ್ಲಿ ಹಿಡಿದು, ಒಬ್ಬಳೇ ನಕ್ಕಳು. ನಡತೆ ಚೆನ್ನಾಗಿದೆ ಎಂದು ಸಹಿ ಹಾಕಿಸಿಕೊಳ್ಳಲು ಎಲ್ಲಿಗೆ ಹೋಗಬೇಕು, ಯಾವ ವಾರ ಹೋಗಬೇಕು ಎಂಬುದನ್ನು ಅವಳಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಕೋರ್ಸು ಮುಗಿಸಬೇಕು, ಕಾಪುವಿಗೆ ಹೋಗಬಾರದು. ಎರಡೂ ಒಟ್ಟಿಗೆ ಆಗುವಂಥದ್ದಲ್ಲ ಎಂದು ಅವಳಿಗೆ ಈಗ ಅರ್ಥವಾಯಿತು. ಧನಿಗಳು ಇಷ್ಟು ದಿನ ಕೇಳುತ್ತಿದ್ದ ಪ್ರಶ್ನೆ ಪೂರ್ತಿಯಾಗಿ ಕಿವಿಗೆ ಬಿದ್ದದ್ದು ಅವತ್ತೇ.

ಆ ಭಾನುವಾರ ಊರಿಗೆ ಹೋದಳು. ಗುಣವತಿ ಜಗಲಿಯಲ್ಲಿ ಮೊರ ಮಡಿಲಲ್ಲಿಟ್ಟುಕೊಂಡು ಬೀಡಿ ಕಟ್ಟುತ್ತಿದ್ದಳು. ಮಗಳ ಮುಖ ನೋಡದೆ, "ಧನಿಗಳಿಗೆ ಬೇಜಾರಾಗಿದೆಯಂತೆ. ಮ್ಯಾನೇಜರು ಫೋನು ಮಾಡಿದ್ರು. ಎಂತ ಮಾಡಿದೆ ನೀನು?" ಎಂದು ಕೇಳಿದಳು.

"ನಾನು ಎಂತ ತಪ್ಪೂ ಮಾಡ್ಲಿಲ್ಲ ಅಮ್ಮ."

"ತಪ್ಪು ಮಾಡದೆ ದೊಡ್ಡವರಿಗೆ ಬೇಜಾರಾಗ್ತದಾ?"

ಗುಣವತಿಯ ಲೋಕದಲ್ಲಿ ಕಾರಣವಿಲ್ಲದೆ ಕಷ್ಟ ಬರುವುದಿಲ್ಲ. ಜ್ವರ ಬಂದರೆ, ದನ ಹಾಲು ಬತ್ತಿಸಿದರೆ, ಎಲ್ಲೋ ಯಾರಿಂದಲೋ ಏನೋ ತಪ್ಪಾಗಿದೆ. ಆಗ ಒಂದು ನಾಣ್ಯ ತೆಗೆದು ದೈವಕ್ಕೆಂದು ಬೇರೆ ಇಡುವುದು. ಅದು ತಪ್ಪು ಕಾಣಿಕೆ. ಧನಿಗಳ ಮನೆತನದ ಹಳೆಯ ಗುತ್ತಿನ ಮನೆ ಕಾರ್ಕಳದ ಆಚೆ. ಶೇಖರನ ಅಜ್ಜನ ಕಾಲದಿಂದ ಇವರ ಕಾಣಿಕೆ ಹೋಗುವುದು ಆ ಮನೆಯ ದೈವಕ್ಕೆ. ಅಲ್ಲಿ ಒಂದು ಕ್ರಮ ಉಂಟು. ಇಡುವವರು ದೈವದ ಎದುರು ನಿಂತು ಏನು ತಪ್ಪು ಎಂದು ಬಾಯಿ ಬಿಟ್ಟು ಹೇಳಬೇಕು, ಹೇಳದೆ ಇಟ್ಟದ್ದು ಸಲ್ಲುವುದಿಲ್ಲ. ಇಟ್ಟ ಮೇಲೆ ಆ ಮಾತನ್ನು ಯಾರೂ ಮತ್ತೆ ಎತ್ತಬಾರದು.

"ಬರುವ ಸೋಣ ಸಂಕ್ರಮಣಕ್ಕೆ ಗುತ್ತಿನಲ್ಲಿ ದೈವಕ್ಕೆ ತಂಬಿಲದ ಪೂಜೆ ಉಂಟು. ಧನಿಗಳೂ ಇರ್ತಾರೆ. ಹೋಗಿ ತಪ್ಪು ಕಾಣಿಕೆ ಇಟ್ಟು ಕಾಲಿಗೆ ಬೀಳುವ" ಎಂದಳು ಗುಣವತಿ.

ಯಶ್ಮಿತಾ ಅಮ್ಮನ ಎದುರು ಕುಳಿತಳು. "ಅಮ್ಮ, ಕಾಪುವಿನಲ್ಲಿ…"

ಗುಣವತಿ ಮೊರ ಕೆಳಗಿಟ್ಟು ದಡಬಡ ಎದ್ದಳು. "ಗಂಜಿ ಉಕ್ಕಿತು ಕಾಣ್ತದೆ" ಎಂದು ಒಳಗೆ ಹೋದಳು. ಯಶ್ಮಿತಾ ಹಿಂದೆಯೇ ಹೋಗಿ ನೋಡಿದಳು. ಒಲೆಯ ಮೇಲೆ ಗಂಜಿ ಇರಲಿಲ್ಲ. ಗುಣವತಿ ತಣ್ಣಗಿನ ಒಲೆಯ ಎದುರು, ಮಗಳಿಗೆ ಬೆನ್ನು ಹಾಕಿ ನಿಂತಿದ್ದಳು.

ಸಂಕ್ರಮಣದ ದಿನ ಗುತ್ತಿನ ಚಾವಡಿಯಲ್ಲಿ ಹದಿನೈದು ಇಪ್ಪತ್ತು ಜನ ಸೇರಿದ್ದರು, ಹೆಚ್ಚಿನವರು ಮನೆಯವರೇ. ದೈವದ ಉಯ್ಯಾಲೆ ಮಂಚದ ಮೇಲೆ ಕತ್ತಿ, ಗಂಟೆ, ಕೇಪುಳ ಹೂವು. ಎದುರಿಗೆ ಎಲೆಯಲ್ಲಿ ಸೀಯಾಳ, ಅವಲಕ್ಕಿ, ಬಾಳೆಹಣ್ಣು. ಮನೆಯ ಯಜಮಾನರೆಂದು ಪ್ರಾರ್ಥನೆ ಹೇಳುವವರು ಧನಿಗಳು. ಬಿಳಿ ಪಂಚೆ ಉಟ್ಟು, ಬರಿ ಮೈಮೇಲೆ ಶಾಲು ಹೊದ್ದು ನಿಂತಿದ್ದರು. ಅವರ ಹೆಂಡತಿ ನಳಿನಾಕ್ಷಿ ತಂಬಿಲಕ್ಕೆಂದೇ ಮುಂಬೈಯಿಂದ ಬಂದವರು, ಬಾಗಿಲ ಹತ್ತಿರ ಕುಳಿತು ಪ್ರಸಾದದ ಎಲೆ ಕಟ್ಟುತ್ತಿದ್ದರು. ದಾರಿಯುದ್ದಕ್ಕೂ ಯಶ್ಮಿತಾ ಒಂದೇ ಮಾತು ಬಾಯಿಪಾಠ ಮಾಡಿಕೊಂಡು ಬಂದಿದ್ದಳು: ಪರೀಕ್ಷೆಯ ಗಡಿಬಿಡಿಯಲ್ಲಿ ಧನಿಗಳ ಹತ್ತಿರ ಒರಟಾಗಿ ಮಾತಾಡಿದೆ, ತಪ್ಪಾಯಿತು. ಹೇಳಿ, ನಾಣ್ಯ ಇಟ್ಟು, ಆ ಸಹಿ ಹಾಕಿಸಿಕೊಂಡು ಬರುವುದು. ಹೆಚ್ಚು ಯೋಚಿಸಬಾರದು.

ತಾಯಿ ಮಗಳ ಸರದಿ ಬಂತು. "ಬಾ ಯಶು" ಎಂದರು ಧನಿಗಳು. "ಎಂತ ತಪ್ಪಾಯ್ತು ಅಂತ ದೈವದ ಎದುರು ಹೇಳಿ ಇಡು. ಒತ್ತಾಯ ಎಂತ ಇಲ್ಲ. ಮನಸ್ಸಿದ್ರೆ ಮಾತ್ರ."

ಅದೇ ಸ್ವರ. ಅದೇ ಕಾಯುವಿಕೆ. ಬಾಯಿಪಾಠ ಮಾಡಿದ್ದೆಲ್ಲ ಯಶ್ಮಿತಾಳ ತಲೆಯಿಂದ ಹಾರಿಹೋಯಿತು.

"ಧನಿಗಳು ಕೇಳಿದ್ದಕ್ಕೆ ನಾನು ಬೇಡ ಅಂದೆ" ಎಂದಳು.

ಚಾವಡಿಯಲ್ಲಿ ಯಾರೋ ಕೆಮ್ಮಿದರು. ನಳಿನಾಕ್ಷಿಯವರ ಕೈ ಎಲೆಯ ಮೇಲೆ ನಿಂತಿತು. ಧನಿಗಳು ಮಾತ್ರ ನಕ್ಕರು. "ನನ್ನ ಮಂಡಿ ನೋವಿಗೆ ವ್ಯಾಯಾಮ ಮಾಡಿಸ್ಲಿಕ್ಕೆ ಕರೆದಿದ್ದೆ. ಪರೀಕ್ಷೆ ಉಂಟು, ಆಗುವುದಿಲ್ಲ ಅಂದ್ಳು. ಅದಕ್ಕೆ ಎಷ್ಟು ದೊಡ್ಡ ಪ್ರಾಯಶ್ಚಿತ್ತ ನೋಡಿ ನಮ್ಮ ಶೇಖರನ ಮಗಳದ್ದು." ಎಲ್ಲರೂ ಸಮಾಧಾನದಿಂದ ನಕ್ಕರು. ಒಳ್ಳೆಯ ಹುಡುಗಿ ಎಂದು ಒಬ್ಬರು ತಲೆಯಾಡಿಸಿದರು.

ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಗುಣವತಿ ಚೀಲದಿಂದ ಹಳದಿ ಬಟ್ಟೆಯ ಗಂಟನ್ನು ತೆಗೆದು ಎರಡು ಕೈಯಲ್ಲಿ ಹಿಡಿದು ಮುಂದೆ ಬಂದಳು. ದೈವದ ಎದುರು ನಿಂತರೆ ಅವಳಿಗೆ ಬೇರೆ ಯಾರೂ ಕಾಣುವುದಿಲ್ಲ. ತಾನು ದೈವದ ಹತ್ತಿರ ಮಾತ್ರ ಮಾತಾಡುತ್ತಿದ್ದೇನೆ, ಉಳಿದವರಿಗೆ ಕೇಳುವುದೇ ಇಲ್ಲ ಎಂಬಂತೆ ಅವಳು ಹೇಳಿದಳು.

"ಇದೂ ಉಂಟು ಸ್ವಾಮಿ. ನಿಮ್ಮೆದುರು ಮುಚ್ಚಿಡಬಾರದು. ಎರಡು ವರ್ಷದಿಂದ, ಮಗಳು ಶನಿವಾರ ಕಾಪುವಿನ ಮನೆಗೆ ಹೋದಾಗಲೆಲ್ಲ ಒಂದೊಂದು ನಾಣ್ಯ ತಪ್ಪು ಕಾಣಿಕೆ ಅಂತ ಕಟ್ಟಿ ಇಟ್ಟಿದ್ದೇನೆ. ಪ್ರಾಯದ ಹುಡುಗಿ, ತಿಳಿಯದೆ ಮಾಡಿದ್ದು. ಅವಳ ತಪ್ಪನ್ನು ಹೊಟ್ಟೆಗೆ ಹಾಕಿಕೊಳ್ಳಬೇಕು."

ಈಗ ಯಾರೂ ಕೆಮ್ಮಲಿಲ್ಲ. ಧನಿಗಳು ಶಾಲು ಸರಿಮಾಡಿಕೊಂಡರು, ಮತ್ತೆ ಸರಿಮಾಡಿಕೊಂಡರು. ಅವರ ಬಾಯಲ್ಲಿ ಕೇಳಲು ಯಾವ ಪ್ರಶ್ನೆಯೂ ಉಳಿದಿರಲಿಲ್ಲ.

ಯಶ್ಮಿತಾ ಅವರನ್ನು ನೋಡಲಿಲ್ಲ. ಅಮ್ಮನನ್ನೇ ನೋಡುತ್ತಿದ್ದಳು. ಡ್ಯೂಟಿ ಉಂಟು ಅಮ್ಮ. ಆಯ್ತು ಮಗಾ. ಫೋನು ಕೆಳಗಿಟ್ಟು, ಡಬ್ಬಿಯಿಂದ ಒಂದು ನಾಣ್ಯ ಹುಡುಕಿ, ಗಂಟು ಬಿಚ್ಚಿ, ಹಾಕಿ, ಮತ್ತೆ ಕಟ್ಟಿ ಮೊಳೆಗೆ ತೂಗುಹಾಕಿದ ಕೈ ಅದು. ಎಷ್ಟು ಸಲ. ಅಮ್ಮ ಒಂದೇ ಒಂದು ಸಲ ಕೇಳಿದ್ದರೆ ತಾನು ಹೇಳಿಬಿಡುತ್ತಿದ್ದಳು. ಎಂಥ ಡ್ಯೂಟಿ ಮಗಾ ಎಂದಿದ್ದರೆ ಸಾಕಿತ್ತು, ಆ ದಿನವೇ ಬಸ್ಸು ಹತ್ತಿ ಮನೆಗೆ ಬರುತ್ತಿದ್ದಳು. ಧನಿಗಳು ಪ್ರತಿ ಸಲವೂ ಕೇಳಿದರು. ಅಮ್ಮ ಒಂದು ಸಲವೂ ಕೇಳಲಿಲ್ಲ. ಎದೆಯಲ್ಲಿ ಹೆಚ್ಚು ಉರಿದದ್ದು ಯಾವುದು ಎಂದು ಯಶ್ಮಿತಾಳಿಗೆ ಅನುಮಾನವೇ ಇರಲಿಲ್ಲ.

ನಳಿನಾಕ್ಷಿ ಎದ್ದು ಬಂದರು. ಗುಣವತಿಯ ಕೈಯಿಂದ ಗಂಟು ತೆಗೆದುಕೊಂಡು ಕಾಣಿಕೆ ಡಬ್ಬಿಯ ಹತ್ತಿರ ಹೋದರು. ಡಬ್ಬಿಯ ಬಾಯಿ ಸಣ್ಣದು, ಗಂಟು ಹಿಡಿಯಲಿಲ್ಲ. ಬಟ್ಟೆ ಬಿಚ್ಚಿ ನಾಣ್ಯಗಳನ್ನು ಒಂದೊಂದಾಗಿ ಹಾಕಿದರು. ಅಷ್ಟೂ ಬಿದ್ದು ಮುಗಿಯುವವರೆಗೆ ಎಲ್ಲರೂ ನೆಲ ನೋಡುತ್ತಾ ನಿಂತರು.

"ಇಟ್ಟಾಯ್ತು" ಎಂದರು ನಳಿನಾಕ್ಷಿ, ಬಟ್ಟೆಯನ್ನು ಮಡಚುತ್ತಾ. "ಇಟ್ಟ ಮೇಲೆ ಆ ಮಾತು ಎತ್ತುವ ಕ್ರಮ ಇಲ್ಲ. ಎಲೆ ಹಾಕಿದ್ದಾರೆ, ಎಲ್ಲರೂ ಊಟಕ್ಕೆ ಏಳಿ."

ಎಲ್ಲರೂ ಎದ್ದರು. ಎಷ್ಟು ಬೇಗ ಎದ್ದರೆಂದರೆ, ಒಬ್ಬರ ಚಪ್ಪಲಿ ಇನ್ನೊಬ್ಬರು ಮೆಟ್ಟಿಕೊಂಡು ಹೋದರು.

ಊಟದ ನಂತರ ನಳಿನಾಕ್ಷಿ ಯಶ್ಮಿತಾಳನ್ನು ಹಿಂದಿನ ಜಗಲಿಗೆ ಕರೆದರು. ಕೈಬಳೆಯನ್ನು ಹಿಂದಕ್ಕೆ ಸರಿಸಿಕೊಂಡು, ಹೆಚ್ಚು ಕಡಿಮೆ ಪ್ರೀತಿಯಿಂದಲೇ ಮಾತಾಡಿದರು.

"ನಿನ್ನ ಫೀಸು ನಾಳೆ ಕಟ್ಟಿಸ್ತೇನೆ. ಕೋರ್ಸು ಮುಗಿಯುವವರೆಗಿನದ್ದು ಪೂರ್ತಿ. ಸರ್ಟಿಫಿಕೇಟು ಬೇಡ. ಇನ್ನು ಕಾಪುವಿಗೆ ಹೋಗ್ಬೇಡ, ಯಾರು ಕರೆದ್ರೂ."

ಯಶ್ಮಿತಾ, "ಅಕ್ಕ, ಆ ಕಾಣಿಕೆ ವಾಪಸ್ ಕೊಡಿ" ಎಂದಳು.

"ಎಂತ?"

"ಅಮ್ಮ ಇಟ್ಟದ್ದು. ಅದು ನನ್ನ ತಪ್ಪಿನ ಕಾಣಿಕೆ ಅಲ್ಲ. ನನ್ನ ಹೆಸರಲ್ಲಿ ಅಲ್ಲಿ ಇರಬಾರದು."

ನಳಿನಾಕ್ಷಿ ತೋಟದ ಕಡೆ ನೋಡಿದರು. "ದೈವಕ್ಕೆ ಇಟ್ಟದ್ದನ್ನು ತೆಗೆಯುವ ಕ್ರಮ ಇಲ್ಲ. ಯಾರ ತಪ್ಪು ಅಂತ ದೈವಕ್ಕೆ ಗೊತ್ತುಂಟು, ನನಗೂ ಗೊತ್ತುಂಟು. ನಾವು ಹೇಳುವುದು ಬೇಡ. ನನಗೂ ಮದುವೆಗೆ ಬಂದ ಮಗಳಿದ್ದಾಳೆ." ಮತ್ತೆ ಅವಳ ಕಡೆ ತಿರುಗಿದರು. "ಈ ವಿಷಯ ಇಲ್ಲಿಗೆ ಮುಗೀತು. ಇಷ್ಟ ಉಂಟಲ್ವಾ?"

ಬಾಯಿ ಬಿಟ್ಟು ಹೇಳುವವರೆಗೆ ಅವರೂ ಕಾದರು. ಮೂವತ್ತು ವರ್ಷ ಒಂದೇ ಮನೆಯಲ್ಲಿದ್ದರೆ ಮಾತೂ ಒಂದೇ ಆಗುತ್ತದೋ ಏನೋ. ಯಶ್ಮಿತಾ ಬೇಕು ಎಂದದ್ದು ಎರಡು, ಓದು ಮುಗಿಯುವುದು ಮತ್ತು ಕಾಪುವಿಗೆ ಹೋಗದೆ ಇರುವುದು. ಎರಡೂ ಈಗ ಕೈಗೆ ಸಿಕ್ಕಿದ್ದವು. ಅದಕ್ಕೆ ಪ್ರತಿಯಾಗಿ ತಪ್ಪಿತಸ್ಥಳು ಎಂಬ ಹೆಸರು ತನ್ನದಾಗಿ ಉಳಿಯಬೇಕು, ಅಷ್ಟೇ. ಬೇಡ ಎನ್ನುವುದು ಹೇಗೆಂದು ಅವಳಿಗೆ ಈಗ ಗೊತ್ತಿತ್ತು, ಹಾಗೆ ಅನ್ನುವುದಕ್ಕೆ ಏನು ಬೆಲೆ ಎಂಬುದೂ ಗೊತ್ತಿತ್ತು.

"ಉಂಟು" ಎಂದಳು.

ಕಾರ್ಕಳದ ಬಸ್‌ಸ್ಟ್ಯಾಂಡಿನಲ್ಲಿ ಬೆಳ್ಮಣ್ಣಿಗೆ ಹೋಗುವ ಬಸ್ಸು ಹೊರಡಲು ಸಿದ್ಧವಾಗಿತ್ತು. ಯಶ್ಮಿತಾ ಅಮ್ಮನನ್ನು ಹತ್ತಿಸಿ, ಕಿಟಕಿಯ ಪಕ್ಕ ಕೂರಿಸಿ, ತಾನು ಮಣಿಪಾಲದ ಬಸ್ಸು ಹಿಡಿಯಬೇಕಾದವಳು, ಇದು ಹೊರಡುವವರೆಗೆ ಸೀಟಿನ ಪಕ್ಕದಲ್ಲಿ ನಿಂತಿದ್ದಳು. ಗುಣವತಿಯ ಮುಖ ಹಗುರವಾಗಿತ್ತು. "ನಳಿನಕ್ಕ ದೇವರಂಥವರು. ಫೀಸು ಕಟ್ತೇನೆ ಅಂದ್ರಲ್ಲ" ಎಂದಳು. ಹೇಳುತ್ತಲೇ ಸೊಂಟದ ಪರ್ಸಿನಿಂದ ಎರಡು ರೂಪಾಯಿಯ ನಾಣ್ಯ ಒಂದನ್ನು ತೆಗೆದು, ಸೆರಗಿನ ತುದಿಯಲ್ಲಿಟ್ಟು, ಗಂಟು ಹಾಕಿದಳು.

"ಅದು ಯಾವುದಕ್ಕೆ ಅಮ್ಮ?"

"ಇವತ್ತು ಎಲ್ಲರ ಎದುರು ಧನಿಗಳ ಮರ್ಯಾದೆ ಹೋಯ್ತಲ್ಲ ಮಗಾ. ನನ್ನ ಬಾಯಿಯಿಂದ."

ಅಷ್ಟರಲ್ಲಿ ಕಂಡಕ್ಟರ್ ಬಂದ. ಗುಣವತಿ ನೋಟು ಕೊಟ್ಟಳು. "ಎರಡು ರೂಪಾಯಿ ಚಿಲ್ಲರೆ ಉಂಟಾ ಅಮ್ಮ?" ಎಂದ. ಗುಣವತಿ ಪರ್ಸು ತಡಕಾಡಿದಳು. ಯಶ್ಮಿತಾ ಬಾಗಿ, ಅಮ್ಮನ ಸೆರಗಿನ ಗಂಟು ಬಿಚ್ಚಿ, ನಾಣ್ಯ ತೆಗೆದು ಕಂಡಕ್ಟರ್ ಕೈಗೆ ಹಾಕಿದಳು.

"ಅಯ್ಯೋ, ಅದು ದೈವದ್ದು" ಎಂದಳು ಗುಣವತಿ.

"ಇರ್ಲಿ. ಬೇಕಾದ್ರೆ ದೈವ ನನ್ನನ್ನೇ ಕೇಳ್ಲಿ."

ಅವಳು ಬಸ್ಸಿನಿಂದ ಇಳಿದು ಕಿಟಕಿಯ ಕೆಳಗೆ ನಿಂತಳು. ಬಸ್ಸು ಶುರುವಾಯಿತು. ಗುಣವತಿ ಕಿಟಕಿಯ ಸರಳು ಹಿಡಿದು ಏನೋ ಹೇಳುವವಳಂತೆ ಬಾಯಿ ತೆರೆದಳು. ಕೊನೆಗೆ ಬಂದದ್ದು, "ಈ ಶನಿವಾರ ಊರಿಗೆ ಬರ್ತೀಯಾ ಮಗಾ?"

ಶನಿವಾರ ಯಶ್ಮಿತಾಳಿಗೆ ಯಾವ ಕೆಲಸವೂ ಇರಲಿಲ್ಲ. ಕಾಪುವೂ ಇರಲಿಲ್ಲ.

"ಡ್ಯೂಟಿ ಉಂಟು ಅಮ್ಮ" ಎಂದಳು.

"ಆಯ್ತು ಮಗಾ" ಎಂದಳು ಗುಣವತಿ. ಬಸ್ಸು ತಿರುಗುವಾಗ ಅವಳ ಬೆರಳುಗಳು ತಾವಾಗಿಯೇ ಪರ್ಸಿನೊಳಗೆ ನಾಣ್ಯ ಹುಡುಕುತ್ತಿದ್ದವು.